ಗಟ್ಟಿ ಮಾಡಿಕೊಂಡ ಮನಸ್ಸು: ಸಾಲ ವಸೂಲಿಯ ನೌಕರರೊಬ್ಬರ ಪ್ರಕರಣ ಅಧ್ಯಯನ

ದುಃಖ ತಡೆಯಲಾಗುತ್ತಿಲ್ಲ ಎಂದು ಬರುವವರನ್ನು ಗುರುತಿಸುವುದು ಕಷ್ಟವಲ್ಲ. ಗಾಬರಿ, ನಿದ್ದೆಗೇಡು, ಸಿಟ್ಟು ಇವೆಲ್ಲ ತಾವಾಗಿಯೇ ಎದುರಿಗೆ ಬಂದು ನಿಲ್ಲುತ್ತವೆ. ಆದರೆ ಏನೂ ಅನ್ನಿಸದಿರುವುದನ್ನೇ ಒಂದು ತೊಂದರೆ ಎಂದು ತಿಳಿದು ಬಾಗಿಲು ತಟ್ಟುವವರು ವಿರಳ. ಅಂಥವರು ಗ್ಯಾಸ್ಟ್ರಿಕ್ ಎಂದು ಬರುತ್ತಾರೆ, ಕುತ್ತಿಗೆ ನೋವು ಎಂದು ಬರುತ್ತಾರೆ. ಇಲ್ಲವೇ ಮನೆಯವರು ಕರೆತಂದು, "ಇವರ ಮನಸ್ಸು ಕಲ್ಲಾಗಿದೆ" ಎಂದು ದೂರು ಹೇಳುತ್ತಾರೆ.

ರಾಯಚೂರು ಜಿಲ್ಲೆಯಲ್ಲಿ ಆಪ್ತಸಮಾಲೋಚಕಿಯಾಗಿ ಕೆಲಸ ಮಾಡುವ ನಾನು ಈ ಒಂದು ಪ್ರಕರಣವನ್ನು ವಿವರವಾಗಿ ಬರೆಯಲು ಕಾರಣವಿದೆ. ಇಲ್ಲಿ ಭಾವನೆ ಬತ್ತಿದ್ದು ಒಂದು ದೊಡ್ಡ ಆಘಾತದಿಂದಲ್ಲ, ದಿನನಿತ್ಯದ ಕೆಲಸದಿಂದ. ಅದು ಮರಳಿ ಬರತೊಡಗಿದಾಗ ಮನೆಯಲ್ಲಿ ಸಂತೋಷವಾಗಲಿಲ್ಲ, ಜಗಳವಾಯಿತು. ಚಿಕಿತ್ಸೆಯೇ ನಿಂತುಹೋಗುವ ಹಂತಕ್ಕೆ ಬಂದಿತ್ತು. ಆ ಹಂತವನ್ನು ದಾಟಿದ್ದು ಹೇಗೆ ಎಂಬುದು ಈ ಕ್ಷೇತ್ರದಲ್ಲಿ ಇರುವವರಿಗೂ, ಮನೆಯಲ್ಲಿ ಅಂಥವರನ್ನು ಇಟ್ಟುಕೊಂಡು ಕಂಗಾಲಾದವರಿಗೂ ಉಪಯೋಗವಾದೀತು. ಸಂಬಂಧಪಟ್ಟವರ ಒಪ್ಪಿಗೆ ಪಡೆದೇ ಬರೆಯುತ್ತಿದ್ದೇನೆ. ಅವರನ್ನು ಶರಣಪ್ಪ ಎಂದು ಕರೆಯುತ್ತೇನೆ, ಅದು ಅವರ ಹೆಸರಲ್ಲ. ಊರು, ಕುಟುಂಬದ ವಿವರ, ಕೆಲವು ಘಟನೆಗಳ ಕ್ರಮ ಎಲ್ಲವನ್ನೂ ಗುರುತು ಸಿಗದಂತೆ ಬದಲಿಸಿದ್ದೇನೆ.

ಹಿನ್ನೆಲೆ

ಶರಣಪ್ಪನವರಿಗೆ ಮೂವತ್ತೈದರ ಆಸುಪಾಸಿನ ವಯಸ್ಸು. ತುಂಗಭದ್ರಾ ಎಡದಂಡೆ ಕಾಲುವೆಯ ಕೊನೆಭಾಗದ ಹಳ್ಳಿ. ಕಾಗದದಲ್ಲಿ ನೀರಾವರಿ ಜಮೀನು, ಹೊಲದಲ್ಲಿ ಮಾತ್ರ ನೀರು ಬಂದರೆ ಬಂತು, ಇಲ್ಲದಿದ್ದರೆ ಇಲ್ಲ. ಬಿ.ಎ. ಮುಗಿಸಿದ ಮೇಲೆ ಅವರಿಗೆ ಸಿಕ್ಕ ಮೊದಲ ಸಂಬಳದ ಕೆಲಸ ಕಿರುಸಾಲ ಸಂಸ್ಥೆಯೊಂದರಲ್ಲಿ ಫೀಲ್ಡ್ ಆಫೀಸರ್ ಹುದ್ದೆ. ಹತ್ತು ವರ್ಷಕ್ಕೂ ಮೇಲೆ ಅದೇ ಕೆಲಸದಲ್ಲಿದ್ದರು.

ಈ ಕೆಲಸದ ರೀತಿ ತಿಳಿಯದೆ ಪ್ರಕರಣ ಅರ್ಥವಾಗುವುದಿಲ್ಲ. ವರ್ಷಕ್ಕೆ 3 ಲಕ್ಷ ರೂಪಾಯಿಯವರೆಗೆ ಆದಾಯವಿರುವ ಕುಟುಂಬಗಳಿಗೆ ಯಾವ ಅಡಮಾನವೂ ಇಲ್ಲದೆ ಕೊಡುವ ಸಾಲ ಇದು. ಅಡಮಾನದ ಜಾಗದಲ್ಲಿ ಇರುವುದು ಗುಂಪು. ಒಂದೇ ಓಣಿಯ ಹೆಂಗಸರು ಒಬ್ಬರಿಗೊಬ್ಬರು ಜಾಮೀನು ನಿಲ್ಲುತ್ತಾರೆ. ವಾರದ ದಿನ ಬೆಳಿಗ್ಗೆ ಒಬ್ಬರ ಮನೆಯ ಮುಂದೆ ಸೇರಿ ಕಂತು ಕಟ್ಟುತ್ತಾರೆ. ಒಬ್ಬಾಕೆಯ ಕಂತು ತಪ್ಪಿದರೆ ಉಳಿದವರು ಕೂಡಿಸಿ ಕೊಡಬೇಕು. ಲೆಕ್ಕ ಪೂರ್ತಿಯಾಗುವವರೆಗೆ ಯಾರೂ ಏಳುವಂತಿಲ್ಲ. ನಮ್ಮ ಕಡೆ ಇದಕ್ಕೆ "ಸಂಘದ ಸಾಲ" ಎಂದೇ ಹೆಸರು, ವಸೂಲಿಗೆ ಬರುವವರು "ಸಂಘದ ಸರ್". ಬಾಕಿ ವಸೂಲಿಗಾಗಿ ಬೆಳಿಗ್ಗೆ 9ಕ್ಕಿಂತ ಮೊದಲು, ಸಂಜೆ 6ರ ನಂತರ ಸಾಲಗಾರರಿಗೆ ಕರೆ ಮಾಡಬಾರದು, ಕುಟುಂಬದ ಎಲ್ಲ ಸಾಲಗಳ ಕಂತೂ ಸೇರಿ ತಿಂಗಳ ಆದಾಯದ ಅರ್ಧವನ್ನು ಮೀರಬಾರದು ಎಂದು ರಿಸರ್ವ್ ಬ್ಯಾಂಕಿನ 2022ರ ನಿರ್ದೇಶನಗಳು ಹೇಳುತ್ತವೆ. ಶರಣಪ್ಪನವರಿಗೆ ಈ ನಿಯಮ ಗೊತ್ತಿತ್ತು. ತಿಂಗಳ ಗುರಿಯೂ ಗೊತ್ತಿತ್ತು. ಸಂಬಳ ನಿಯಮದ ಮೇಲೆ ನಿಂತಿರಲಿಲ್ಲ.

ಕೆಲಸಕ್ಕೆ ಸೇರಿದ ಹೊಸದರಲ್ಲಿ ಅವರು ಬೇರೆ ಮನುಷ್ಯ. ಮಗುವಿಗೆ ಜ್ವರ ಎಂದು ಅತ್ತ ಹೆಣ್ಣುಮಗಳೊಬ್ಬಳ ಕಂತನ್ನು ತಮ್ಮ ಜೇಬಿನಿಂದಲೇ ಕಟ್ಟಿ ಬಂದಿದ್ದರು. ಕಚೇರಿಯಲ್ಲಿ ಹಿರಿಯರೊಬ್ಬರು ಪಕ್ಕಕ್ಕೆ ಕರೆದು, "ಹೀಗಾದರೆ ನೀನು ಆರು ತಿಂಗಳೂ ಬಾಳುವುದಿಲ್ಲ. ಮನಸ್ಸು ಗಟ್ಟಿ ಮಾಡಿಕೋ. ಅವರ ಮುಖ ನೋಡಬೇಡ, ಪಾಸ್‌ಬುಕ್ ನೋಡು" ಎಂದರಂತೆ. ಹೇಳಿದವರಲ್ಲಿ ದುರುದ್ದೇಶವಿರಲಿಲ್ಲ ಎಂದೇ ನನ್ನ ಭಾವನೆ. ತಾವು ಬದುಕುಳಿದ ದಾರಿಯನ್ನು ತಮ್ಮನಂಥ ಹುಡುಗನಿಗೆ ತೋರಿಸಿಕೊಟ್ಟಿದ್ದರು. ಶರಣಪ್ಪ ಆ ಪಾಠವನ್ನು ಚೆನ್ನಾಗಿ ಕಲಿತರು. ಕೆಲವು ವರ್ಷಗಳಲ್ಲಿ ಅವರ ಶಾಖೆಯಲ್ಲೇ ಬಾಕಿ ಕಡಿಮೆ ಇರುವ ನೌಕರ ಎಂಬ ಹೆಸರು ಬಂತು.

ಮನಸ್ಸನ್ನು ಹೀಗೆ ಕೆಲಸದ ಅಳತೆಗೆ ಕತ್ತರಿಸಿಕೊಳ್ಳುವುದು ಹೊಸ ಸಂಗತಿಯಲ್ಲ. ಅಮೆರಿಕದ ಸಮಾಜಶಾಸ್ತ್ರಜ್ಞೆ ಆರ್ಲಿ ಹೋಚ್‌ಶೀಲ್ಡ್ 1983ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ಎರಡು ವೃತ್ತಿಗಳನ್ನು ಎದುರುಬದುರು ಇಟ್ಟು ನೋಡಿದ್ದರು: ಸದಾ ನಗಬೇಕಾದ ವಿಮಾನದ ಪರಿಚಾರಕಿಯರು, ಸದಾ ಬಿಗಿಯಾಗಿರಬೇಕಾದ ಸಾಲ ವಸೂಲಿಗಾರರು. ಇಬ್ಬರೂ ಸಂಬಳಕ್ಕಾಗಿ ತಮ್ಮ ಭಾವನೆಯನ್ನೇ ದುಡಿಮೆಗೆ ಹಚ್ಚುತ್ತಾರೆ, ಕಾಲಕ್ರಮೇಣ ತಮಗೆ ನಿಜವಾಗಿ ಏನನ್ನಿಸುತ್ತಿದೆ ಎಂಬ ಸುಳಿವನ್ನೇ ಕಳೆದುಕೊಳ್ಳಬಹುದು ಎಂಬುದು ಅವರ ವಾದದ ತಿರುಳು. ಶರಣಪ್ಪನವರನ್ನು ನೋಡುವಾಗೆಲ್ಲ ಈ ಮಾತು ನನಗೆ ನೆನಪಾಗುತ್ತಿತ್ತು.

ತೊಂದರೆ ಕಾಣಿಸಿಕೊಂಡದ್ದು

ಅವರ ತಾಯಿ ಲಕ್ವ ಹೊಡೆದು ಕೆಲವು ತಿಂಗಳು ಮಲಗಿದ್ದು ತೀರಿಕೊಂಡರು. ಮಣ್ಣು ಮಾಡುವ ದಿನ ಶರಣಪ್ಪ ಶಾಮಿಯಾನ, ಊಟ, ನೆಂಟರ ಬಸ್ಸಿನ ವ್ಯವಸ್ಥೆ ಎಲ್ಲವನ್ನೂ ಲೋಪವಿಲ್ಲದೆ ನೋಡಿಕೊಂಡರು. ಹಾಡಿಕೊಂಡು ಅಳುತ್ತಿದ್ದ ಹೆಂಗಸರ ನಡುವೆ ಖರ್ಚಿನ ಚೀಟಿ ಹಿಡಿದು ಓಡಾಡಿದರು. ಮಗನ ಕಣ್ಣಿನಿಂದ ಒಂದು ಹನಿ ಬೀಳಲಿಲ್ಲ ಎಂಬ ಮಾತು ಊರೆಲ್ಲ ಹಬ್ಬಿತು. ಮೂರು ದಿನದ ಕಾರ್ಯ ಮುಗಿದ ಮರುದಿನವೇ ಅವರು ವಸೂಲಿಗೆ ಹೊರಟರು. ಗಂಡಸರು ಅಳದಿರುವುದು ನಮ್ಮಲ್ಲಿ ದೊಡ್ಡ ವಿಷಯವಲ್ಲ, ಹಾಗಾಗಿ ಆಗಲೂ ಯಾರೂ ಇದನ್ನು ಆರೋಗ್ಯದ ಪ್ರಶ್ನೆಯಾಗಿ ನೋಡಲಿಲ್ಲ.

ಹೆಂಡತಿ ಬೆಚ್ಚಿದ್ದು ಬೇರೊಂದು ದಿನ. ಆರು ವರ್ಷದ ಮಗಳು ಕಟ್ಟೆಯಿಂದ ಬಿದ್ದು ಕೈ ಮುರಿದುಕೊಂಡಳು. ಶರಣಪ್ಪ ಅಡಿಪಟ್ಟಿ ಇಟ್ಟು ಟವೆಲ್‌ನಿಂದ ಕೈ ಕಟ್ಟಿ, ಬೈಕಿನಲ್ಲಿ ಆಸ್ಪತ್ರೆಗೆ ಕರೆದೊಯ್ದರು. ಯಾವ ತಂದೆಯೂ ಅದಕ್ಕಿಂತ ಚೆನ್ನಾಗಿ ಮಾಡಲಾರ. ಆದರೆ ಒಳಗೆ ಎಕ್ಸ್‌ರೇ ಮಾಡುವಾಗ ಮಗು "ಅಪ್ಪಾ" ಎಂದು ಕಿರುಚುತ್ತಿದ್ದರೆ, ಅವರು ಹೊರಗೆ ಬೆಂಚಿನ ಮೇಲೆ ಕೂತು ಮೊಬೈಲಿನಲ್ಲಿ ಆ ದಿನದ ಬಾಕಿ ಪಟ್ಟಿ ನೋಡುತ್ತಿದ್ದರು. ಆ ಕ್ಷಣದ ಬಗ್ಗೆ ಅವರೇ ನನಗೆ ಹೇಳಿದ್ದು: "ಮಗಳ ದನಿ ಕೇಳಿಸಿತು, ಮೇಡಂ. ಕೇಳಿಸಿತು ಅಷ್ಟೇ."

ನನ್ನ ಬಳಿಗೆ ಬರುವ ಮೊದಲು ಮನೆಯವರು ತಮಗೆ ತಿಳಿದದ್ದನ್ನೆಲ್ಲ ಮಾಡಿದ್ದರು. ಹರಕೆ ಹೊತ್ತರು, ದೃಷ್ಟಿ ತೆಗೆದರು, ತಾಯತ ಕಟ್ಟಿಸಿದರು. ಇವನ್ನು ನಾನು ಹಗುರವಾಗಿ ನೋಡುವುದಿಲ್ಲ. ಏನೋ ಸರಿಯಿಲ್ಲ ಎಂದು ಆ ಮನೆ ಗುರುತಿಸಿತ್ತು ಎಂಬುದಕ್ಕೆ ಅದು ಸಾಕ್ಷಿ. ಸ್ನೇಹಿತರು ಕುಡಿಯಲು ಕರೆದೊಯ್ದರು. ಕುಡಿದಾಗ ಸಿಟ್ಟು ಮಾತ್ರ ಬರುತ್ತಿತ್ತು, ಬೆಳಿಗ್ಗೆ ಅದೂ ಇರುತ್ತಿರಲಿಲ್ಲ. ಎದೆಯುರಿ, ಕುತ್ತಿಗೆ ಬಿಗಿತ, ದವಡೆ ನೋವಿಗಾಗಿ ಮಾತ್ರೆ ನುಂಗುತ್ತಲೇ ಇದ್ದರು. ಹಲ್ಲು ತೋರಿಸಲು ಹೋದಾಗ ದಂತವೈದ್ಯರು, ದವಡೆಯ ಹಲ್ಲುಗಳು ಸವೆದಿವೆ, ರಾತ್ರಿ ಕಡಿಯುತ್ತೀರಾ ಎಂದು ಕೇಳಿದ್ದರಂತೆ. ಕೊನೆಗೆ ಒಬ್ಬ ವೈದ್ಯರು ಹೊಟ್ಟೆಯ ಪರೀಕ್ಷೆಗಳಲ್ಲಿ ಏನೂ ಸಿಗದೆ ಮನೋವೈದ್ಯರ ಬಳಿ ಕಳುಹಿಸಿದರು. ಅಲ್ಲಿಂದ ನನ್ನ ಬಳಿಗೆ.

ಮೊದಲ ನಿರ್ಧಾರ: ಇದು ಏನು, ಏನಲ್ಲ

ಭಾವನೆ ಮರಗಟ್ಟುವುದು ಒಂದೇ ಕಾರಣದಿಂದ ಆಗುವುದಿಲ್ಲ. ಖಿನ್ನತೆಯಲ್ಲಿ ದುಃಖಕ್ಕಿಂತ ಖಾಲಿತನವೇ ಮುಂದಾಗಿರಬಹುದು. ಭಾರೀ ಆಘಾತದ ನಂತರ ಬರಬಹುದು. ಥೈರಾಯ್ಡ್ ಗ್ರಂಥಿ ಮಂದವಾದರೆ, ಬಿ12 ಕೊರತೆಯಾದರೆ ಮನುಷ್ಯ ಮಂಕಾಗುತ್ತಾನೆ. ಖಿನ್ನತೆಗೆ ಕೊಡುವ ಕೆಲವು ಮಾತ್ರೆಗಳಿಂದಲೂ ಕೆಲವರಿಗೆ ಸುಖ ದುಃಖ ಎರಡೂ ಮಸುಕಾಗುವುದುಂಟು. ಇನ್ನು ಕೆಲವರಿಗೆ ತಮ್ಮ ಭಾವನೆಯನ್ನು ಗುರುತಿಸಿ ಹೆಸರಿಸುವುದೇ ಮೊದಲಿನಿಂದ ಕಷ್ಟ. 1970ರ ದಶಕದ ಆರಂಭದಲ್ಲಿ ಮನೋವೈದ್ಯ ಪೀಟರ್ ಸಿಫ್ನಿಯೋಸ್ ಅದಕ್ಕೆ ಅಲೆಕ್ಸಿಥೈಮಿಯಾ ಎಂಬ ಹೆಸರು ಕೊಟ್ಟರು. ಅದನ್ನು ಅಳೆಯಲು 20 ಪ್ರಶ್ನೆಗಳ ಟೊರಾಂಟೊ ಮಾಪನ ಬಳಕೆಯಲ್ಲಿದೆ.

ರಕ್ತಪರೀಕ್ಷೆ ಸರಿಯಾಗಿತ್ತು. ಖಿನ್ನತೆಯ ಒಂಬತ್ತು ಪ್ರಶ್ನೆಗಳ ಪಟ್ಟಿಯಲ್ಲಿ ಅಂಕ ತೀವ್ರ ಮಟ್ಟಕ್ಕೆ ಹೋಗಿರಲಿಲ್ಲ. ಸಾಯುವ ಯೋಚನೆ ಬರುತ್ತದೆಯೇ ಎಂದು ನೇರವಾಗಿ ಕೇಳಿದೆವು, ಇಲ್ಲ ಎಂದರು. ಈ ಪ್ರಶ್ನೆಯನ್ನು ಮುಂದೆಯೂ ಆಗಾಗ ಕೇಳುತ್ತಲೇ ಇದ್ದೆವು. ಬಹಳ ಮುಖ್ಯವಾದದ್ದು ಇತಿಹಾಸ: ಕೆಲಸಕ್ಕೆ ಸೇರುವ ಮುಂಚೆ ಇವರು ಅಳುವ, ನಗುವ, ಮೊಹರಂನಲ್ಲಿ ಊರಿನ ಹುಡುಗರ ಜೊತೆ ಅಲಾಯಿ ಕುಣಿಯುವ ಮನುಷ್ಯ. ಅಂದರೆ ಹುಟ್ಟಿನಿಂದ ಇಲ್ಲದ್ದಲ್ಲ, ಇದ್ದದ್ದು ಮುಚ್ಚಿಹೋದದ್ದು.

ಮನೋವೈದ್ಯರೂ ನಾನೂ ಕೂತು ಮಾತನಾಡಿ, ಸದ್ಯಕ್ಕೆ ಮಾತ್ರೆ ಬೇಡ, ಎರಡು ವಾರಕ್ಕೊಮ್ಮೆ ಅವರು ನೋಡುತ್ತಿರಲಿ, ಹದಗೆಟ್ಟರೆ ತಕ್ಷಣ ಶುರು ಮಾಡೋಣ ಎಂದು ತೀರ್ಮಾನಿಸಿದೆವು. ಇದನ್ನು ಓದಿ ಯಾರೂ ತಾವು ತೆಗೆದುಕೊಳ್ಳುತ್ತಿರುವ ಮಾತ್ರೆ ನಿಲ್ಲಿಸಬಾರದು. ಇದೇ ಲಕ್ಷಣವಿರುವ ಇನ್ನೊಬ್ಬರಿಗೆ ಮಾತ್ರೆಯೇ ಮೊದಲ ಹೆಜ್ಜೆಯಾಗಬಹುದು.

ಪ್ರಯತ್ನಗಳು

"ಆಗ ಹೇಗನ್ನಿಸಿತು?" ಎಂಬ ನಮ್ಮ ವೃತ್ತಿಯ ಮಾಮೂಲು ಪ್ರಶ್ನೆಗೆ ಶರಣಪ್ಪನವರಲ್ಲಿ ಒಂದೇ ಉತ್ತರ: "ಏನಿಲ್ಲ, ಆರಾಮ." ಭಾವನೆಗಳ ಪಟ್ಟಿ ಕೊಟ್ಟರೆ ಅರ್ಜಿ ತುಂಬುವವರಂತೆ ಮೇಲಿನಿಂದ ಕೆಳಗೆ ಓದಿ, ಯಾವುದೂ ಅನ್ವಯಿಸುವುದಿಲ್ಲ ಎಂದು ವಾಪಸ್ ಕೊಟ್ಟರು. ಒಂದು ದಿನ ತಾವಾಗಿಯೇ ಹೇಳಿದರು: "ಮೇಡಂ, ನೀವೂ ಕಂತು ಕೇಳುವವರ ಹಾಗೆಯೇ ಕೇಳುತ್ತೀರಿ. ನನ್ನ ಹತ್ತಿರ ಇಲ್ಲ ಎಂದರೆ ಎಲ್ಲಿಂದ ತರಲಿ?"

ಆ ಮಾತು ನನಗೆ ದಾರಿ ತೋರಿಸಿತು. ಸಾಲಗಾರರು ಕಟ್ಟೆಯ ಮೇಲೆ ಕೂತ ಇವರಿಗೆ ಹೇಳುತ್ತಿದ್ದ ಮಾತನ್ನೇ ಇವರು ನನಗೆ ಹೇಳಿದ್ದರು. ಇಲ್ಲದ್ದನ್ನು ಕೇಳುವುದನ್ನು ಬಿಟ್ಟು, ಇರುವುದನ್ನು ಬರೆದುಕೊಳ್ಳೋಣ ಎಂದು ನಿರ್ಧರಿಸಿದೆ. ಅವರ ಬಳಿ ಇದ್ದದ್ದು ಎರಡು: ನೋಯುವ ದೇಹ, ಲೆಕ್ಕ ಬರೆಯುವ ಶಿಸ್ತು. ಒಂದು ನೋಟ್‌ಬುಕ್ಕಿನಲ್ಲಿ ವಸೂಲಿ ಪಟ್ಟಿಯ ಹಾಗೆಯೇ ಮನೆಗಳನ್ನು ಎಳೆದುಕೊಂಡರು: ಹೊತ್ತು, ಜಾಗ, ದೇಹದ ಭಾಗ, ಏನಾಗುತ್ತಿದೆ. ಭಾವನೆಯ ಹೆಸರು ಬರೆಯುವಂತಿಲ್ಲ ಎಂಬುದು ನಾನು ಹಾಕಿದ ಷರತ್ತು. ಒಂದು ಪುಟ ಹೀಗಿತ್ತು:

"6:40, ಹಳ್ಳದ ಸೇತುವೆ, ಹಲ್ಲು ಕಚ್ಚಿದೆ, ಕುತ್ತಿಗೆ ಬಿಗಿ.
7:10, ಮೀಟಿಂಗ್, ಏನಿಲ್ಲ.
8:00, ಮೀಟಿಂಗ್ ಮುಗಿಯಿತು, ಬೆರಳು ತಣ್ಣಗೆ.
9:30 ರಾತ್ರಿ, ಊಟ, ಉಪ್ಪು ಹೆಚ್ಚೋ ಕಡಿಮೆಯೋ ತಿಳಿಯಲಿಲ್ಲ."

ಮೂರು ವಾರದ ಪುಟಗಳನ್ನು ಮೇಜಿನ ಮೇಲೆ ಹರಡಿಕೊಂಡು ನೋಡಿದೆವು. ಮೊದಲು ಕಂಡುಹಿಡಿದವರು ಅವರೇ. "ಏನಿಲ್ಲ" ಎಂಬುದು ಮೀಟಿಂಗಿನ ಸಾಲಿನಲ್ಲಿ ಮಾತ್ರ ಇದೆ, ಅದರ ಹಿಂದೆ ಮುಂದೆ ದೇಹ ಏನಾದರೂ ಬರೆಸಿಯೇ ಇದೆ. ಹಲ್ಲು ಕಚ್ಚುವುದು ಪ್ರತಿ ಸಲ ಸೇತುವೆಯಿಂದಲೇ ಶುರುವಾಗುತ್ತಿತ್ತು. ಊರು ಅಲ್ಲಿಂದ ಇನ್ನೂ ದೂರ. ಹತ್ತು ವರ್ಷ ತಮ್ಮೊಳಗೆ ಏನೂ ಇಲ್ಲ ಎಂದುಕೊಂಡಿದ್ದ ಮನುಷ್ಯ ಪುಟದ ಮೇಲೆ ಬೆರಳಿಟ್ಟು, "ಅಂದರೆ ಇಲ್ಲಿ ಏನೋ ಬಾಗಿಲು ಹಾಕಿಕೊಳ್ಳುತ್ತಿದೆ" ಎಂದರು.

ಭಾವನೆಯನ್ನು ಮುಖದ ಮೇಲೆ ಬಾರದಂತೆ ತಡೆದರೆ ದೇಹದೊಳಗಿನ ಒತ್ತಡ ಇಳಿಯುವುದಿಲ್ಲ, ಏರುತ್ತದೆ ಎಂಬುದನ್ನು ಜೇಮ್ಸ್ ಗ್ರಾಸ್ ಮತ್ತು ರಾಬರ್ಟ್ ಲೆವೆನ್ಸನ್ 1990ರ ದಶಕದ ಪ್ರಯೋಗಗಳಲ್ಲಿ ತೋರಿಸಿದ್ದಾರೆ. ಇನ್ನೂ ಮುಖ್ಯವಾದದ್ದೆಂದರೆ, ಹಾಗೆ ತಡೆದವರಲ್ಲಿ ದುಃಖದ ಅನುಭವ ಕಡಿಮೆಯಾಗಲಿಲ್ಲ, ನಗುವಿನ ಸುಖ ಮಾತ್ರ ಕಡಿಮೆಯಾಯಿತು. ಇದನ್ನು ಶರಣಪ್ಪನವರಿಗೆ ಹೇಳಿದಾಗ ಬಹಳ ಹೊತ್ತು ಸುಮ್ಮನಿದ್ದರು. ಎದೆಯುರಿ, ಸವೆದ ಹಲ್ಲು, ರುಚಿಯಿಲ್ಲದ ಊಟ ಮೂರಕ್ಕೂ ಒಂದೇ ಎಳೆ ಸಿಕ್ಕಿದ್ದು ಅಂದು.

ಮುಂದಿನ ಹೆಜ್ಜೆ ಚಿಕ್ಕದು. ಸೇತುವೆಯ ಮೇಲೆ ಗಾಡಿ ನಿಲ್ಲಿಸಿ, ದವಡೆ ಸಡಿಲಿಸಿ, ಅಂಗಾಲು ನೆಲಕ್ಕೆ ಊರಿ ಎರಡು ನಿಮಿಷ ನಿಲ್ಲುವುದು. ಬೇರೇನೂ ಮಾಡಬೇಕಿಲ್ಲ. ಕೆಲವು ದಿನ ಏನೂ ಆಗಲಿಲ್ಲ. ಆಮೇಲೊಂದು ಬೆಳಿಗ್ಗೆ ನೋಟ್‌ಬುಕ್ಕಿನಲ್ಲಿ ಹೊಸ ಸಾಲು ಬಂತು: "ಕಾಲು ಗೇರ್ ಹಾಕಲಿಲ್ಲ. ಹೋಗಬಾರದು ಅನ್ನಿಸಿತು." ಅವರ ಬರಹದಲ್ಲಿ "ಅನ್ನಿಸಿತು" ಎಂಬ ಕ್ರಿಯಾಪದ ಬಂದದ್ದು ಅದೇ ಮೊದಲು.

ಇದೇ ಹೊತ್ತಿಗೆ ಮೊಹರಂ ಬಂತು. ನಮ್ಮ ಜಿಲ್ಲೆಯ ಹಳ್ಳಿಗಳಲ್ಲಿ ಅಲಾಯಿ ದೇವರ ಮುಂದೆ ಕುಣಿಯುವುದಕ್ಕೆ ಜಾತಿ ಧರ್ಮದ ತಡೆಯಿಲ್ಲ. ಮುದಗಲ್ಲಿನ ಮೊಹರಂ ದೂರದೂರದವರನ್ನು ಸೆಳೆಯುತ್ತದೆ. ಹಿಂದೆ ಸುಖ ಕೊಟ್ಟ ಕೆಲಸಕ್ಕೆ, ಮನಸ್ಸಿಲ್ಲದಿದ್ದರೂ, ದೇಹವನ್ನು ಕರೆದೊಯ್ಯುವುದು ಖಿನ್ನತೆಯ ಚಿಕಿತ್ಸೆಯಲ್ಲಿ ಪರೀಕ್ಷಿತವಾದ ಮಾರ್ಗ. ಶರಣಪ್ಪ ಹೋಗಿ ಹೆಜ್ಜೆ ಹಾಕಿ ಬಂದರು. ಖುಷಿಯಾಯಿತೇ ಎಂದು ಅವರ ಹೆಂಡತಿ ಆಸೆಯಿಂದ ಕೇಳಿದರಂತೆ. ಖುಷಿಯೇನೂ ಆಗಿರಲಿಲ್ಲ. ಕಾಲು ನೋಯುತ್ತಿತ್ತು. ಆದರೆ ಆ ರಾತ್ರಿ ಹಲ್ಲು ಕಡಿಯದೆ ನಿದ್ದೆ ಮಾಡಿದರು ಎಂದು ಆಕೆಯೇ ನನಗೆ ತಿಳಿಸಿದರು.

ಮೊದಲು ಬಂದದ್ದು ಸಿಟ್ಟು

ಆಮೇಲೆ ಬಂದದ್ದನ್ನು ಆ ಮನೆಯಲ್ಲಿ ಯಾರೂ ನಿರೀಕ್ಷಿಸಿರಲಿಲ್ಲ. ಶರಣಪ್ಪ ಸಿಡುಕತೊಡಗಿದರು. ಕಚೇರಿಯ ಕರೆ ಬಂದರೆ ಮೊಬೈಲ್ ಎಸೆಯುವಷ್ಟು ಸಿಟ್ಟು. ಅಣ್ಣತಮ್ಮಂದಿರ ಆಸ್ತಿ ವಿಚಾರಕ್ಕೆ ಏರುದನಿ. ಹೆಂಡತಿ ಹೆದರಿದರು. ಶರಣಪ್ಪನವರ ಅಕ್ಕ ನನ್ನನ್ನು ಕಾಣಲು ಬಂದು ನೇರವಾಗಿ ಹೇಳಿದರು: "ಮೊದಲೇ ಚೆನ್ನಾಗಿದ್ದ, ಮೇಡಂ. ಕಲ್ಲಿನ ಹಾಗಿದ್ದರೂ ಮನೆಯಲ್ಲಿ ಶಾಂತಿ ಇತ್ತು. ಇನ್ನು ಮುಂದೆ ಕಳುಹಿಸುವುದಿಲ್ಲ."

ಇಡೀ ಪ್ರಕರಣದಲ್ಲಿ ಅತಿ ಸೂಕ್ಷ್ಮವಾದ ಘಟ್ಟ ಇದು. ಅಕ್ಕನ ಭಯ ಸುಳ್ಳಲ್ಲ. ಸಿಟ್ಟಿನ ಗಂಡಸು ಮನೆಯಲ್ಲಿದ್ದರೆ ಪೆಟ್ಟು ಬೀಳುವುದು ಹೆಂಗಸರಿಗೆ, ಮಕ್ಕಳಿಗೆ. ಭಾವನೆ ಮರಳುತ್ತಿದೆ ಎಂಬ ಸಂಭ್ರಮದಲ್ಲಿ ಅದನ್ನು ಮರೆಯುವ ಹಕ್ಕು ಯಾವ ಸಮಾಲೋಚಕರಿಗೂ ಇಲ್ಲ. ಹೆಂಡತಿಯ ಜೊತೆ ಬೇರೆಯಾಗಿ ಮಾತನಾಡಿ, ಇದುವರೆಗೆ ಕೈ ಮಾಡಿದ್ದಾರೆಯೇ, ಭಯವಿದೆಯೇ ಎಂದು ಕೇಳಿ ಖಚಿತಪಡಿಸಿಕೊಂಡ ಮೇಲೆಯೇ ಮೂವರನ್ನೂ ಒಟ್ಟಿಗೆ ಕೂರಿಸಿದೆ.

ಅವರೆಲ್ಲ ಕಾಲುವೆಯ ಕೊನೆಭಾಗದವರು. ಬೇಸಿಗೆಯೆಲ್ಲ ಒಣಗಿದ ಕಾಲುವೆಗೆ ನೀರು ಬಿಟ್ಟಾಗ ಕೊನೆಯ ಊರಿಗೆ ಮೊದಲು ತಲುಪುವುದು ತಿಳಿನೀರಲ್ಲ, ಕಸಕಡ್ಡಿ ಹೊತ್ತ ಕೆಸರುನೀರು ಎಂಬುದು ಅವರಿಗೆ ನನಗಿಂತ ಚೆನ್ನಾಗಿ ಗೊತ್ತು. ಸಿಟ್ಟು ಆ ಮೊದಲ ನೀರು ಎಂದೆ. ಅಕ್ಕ ತಲೆಯಾಡಿಸಿದರು, ಆದರೆ ಬಿಡಲಿಲ್ಲ: "ಕೆಸರು ಮನೆಯೊಳಗೆ ನುಗ್ಗಬಾರದಲ್ಲ?" ಅದಕ್ಕಾಗಿ ಒಂದು ಒಪ್ಪಂದವಾಯಿತು. ದನಿ ಏರಿದ ಕೂಡಲೇ ಶರಣಪ್ಪ ಮಾತು ನಿಲ್ಲಿಸಿ ಮನೆಯಿಂದ ಹೊರಗೆ ನಡೆಯಬೇಕು, ಹಿಂದೆ ಯಾರೂ ಕರೆಯಬಾರದು, ಮರಳಿ ಬಂದ ಮೇಲೆ ನೋಟ್‌ಬುಕ್ ಬರೆಯಬೇಕು. ಕುಡಿತ ಪೂರ್ತಿ ಬಂದ್. ಒಮ್ಮೆ ಕೈ ಎತ್ತಿದರೂ ಹೆಂಡತಿ ಮಗಳೊಂದಿಗೆ ತವರಿಗೆ ಹೋಗುವುದು, ನಾನು ಆಕೆಯ ಪರ ನಿಲ್ಲುವುದು. ಶರಣಪ್ಪ ಎಲ್ಲದಕ್ಕೂ ಒಪ್ಪಿದರು, ಕೊನೆಯವರೆಗೂ ಪಾಲಿಸಿದರು.

ಸಿಟ್ಟಿನ ಹಿಂದೆಯೇ ಬಂದದ್ದು ನಾಚಿಕೆ. ಕಂತು ಕಟ್ಟಲಾಗದ ಹೆಂಗಸೊಬ್ಬಳ ಮನೆಯ ಕಟ್ಟೆಯ ಮೇಲೆ ಅವರು ಮಧ್ಯಾಹ್ನದಿಂದ ಸಂಜೆಯವರೆಗೆ ಕೂತಿದ್ದರು. ಆಕೆ ಮನೆಯಲ್ಲಿದ್ದ ಒಂದೇ ಆಡನ್ನು ಬಂದಷ್ಟು ಬೆಲೆಗೆ ಪಕ್ಕದ ಮನೆಯವರಿಗೆ ಮಾರಿ 1,840 ರೂಪಾಯಿ ತಂದುಕೊಟ್ಟಳು. ಮುಂದಿನ ವಾರ ಹೋದರೆ ಬಾಗಿಲಿಗೆ ಬೀಗ, ಸಂಸಾರ ಸಮೇತ ಬೆಂಗಳೂರಿಗೆ ಗುಳೆ ಹೋಗಿದ್ದರು. ಮೊದಲ ಸಲ ಈ ಕಥೆ ಹೇಳುವಾಗ ಶರಣಪ್ಪನವರಿಗೆ ರೂಪಾಯಿ ಪೈಸೆ ಸಮೇತ ಲೆಕ್ಕ ನೆನಪಿತ್ತು, ಆಕೆಯ ಮುಖ ನೆನಪಿರಲಿಲ್ಲ. ತಿಂಗಳುಗಳ ನಂತರ ಒಂದು ದಿನ ತಾವಾಗಿಯೇ, "ಹಣ ಎಣಿಸುವಾಗ ಆಕೆ ನನ್ನನ್ನು ನೋಡಲಿಲ್ಲ, ಆಡನ್ನು ನೋಡುತ್ತಿದ್ದಳು" ಎಂದರು. ಮುಖ ನೆನಪಿಗೆ ಬಂದಿತ್ತು.

ಇಲ್ಲಿ ನಾನು ಒಂದು ನಿರ್ಧಾರ ತೆಗೆದುಕೊಂಡೆ. "ನಿಮ್ಮ ತಪ್ಪಲ್ಲ, ಕೆಲಸ ಹಾಗಿತ್ತು" ಎಂದು ಸಮಾಧಾನ ಹೇಳಲಿಲ್ಲ. ಪಾಪಪ್ರಜ್ಞೆ ಕಂಡ ಕೂಡಲೇ ಆರಿಸಲು ಓಡುವುದು ನಮ್ಮ ವೃತ್ತಿಯಲ್ಲಿ ಸಾಮಾನ್ಯ. ಮಾಡದ ತಪ್ಪಿಗೆ ಕೊರಗುವವರ ವಿಷಯದಲ್ಲಿ ಅದು ಸರಿ. ಇವರ ಕೊರಗು ನಡೆದ ಸಂಗತಿಗೆ ತಕ್ಕದ್ದಾಗಿತ್ತು. ಅದು ರೋಗವಲ್ಲ, ಆರೋಗ್ಯ. ಅದನ್ನು ಹೊತ್ತುಕೊಂಡು ಕುಸಿಯದಂತೆ ಜೊತೆಗಿರುವುದಷ್ಟೇ ನನ್ನ ಕೆಲಸ ಎಂದುಕೊಂಡೆ.

ಕೆಲಸದ ಪ್ರಶ್ನೆ

ಹೀಗಾದ ಮೇಲೆ ಅದೇ ಕಟ್ಟೆಯ ಮೇಲೆ ಹೋಗಿ ಕೂರುವುದು ಹೇಗೆ? ಇದನ್ನು ನಾವು ತಪ್ಪಿಸಿಕೊಳ್ಳುವಂತಿರಲಿಲ್ಲ. ವಸೂಲಿಯ ಕಿರುಕುಳ ತಡೆಯಲು ರಾಜ್ಯ ಸರ್ಕಾರ 2025ರ ಫೆಬ್ರುವರಿಯಲ್ಲಿ ಸುಗ್ರೀವಾಜ್ಞೆ ತಂದಾಗ ಶರಣಪ್ಪನವರ ಸ್ಥಿತಿ ಇನ್ನೂ ಬಿಗಡಾಯಿಸಿತು. ಬಲವಂತದ ವಸೂಲಿಗೆ 10 ವರ್ಷದವರೆಗೆ ಜೈಲು, 5 ಲಕ್ಷದವರೆಗೆ ದಂಡ ಎಂದಿತ್ತು. ಊರಿನಲ್ಲಿ ಜನ ಎದುರು ನಿಂತು ಪ್ರಶ್ನಿಸತೊಡಗಿದರು. ಮೇಲಿನವರ ಗುರಿ ಮಾತ್ರ ಇಳಿಯಲಿಲ್ಲ.

ಕೆಲಸ ಬಿಡಿ ಎಂದು ನಾನು ಹೇಳಲಿಲ್ಲ. ಮನೆಯ ಏಕೈಕ ಸಂಬಳ ಅದು, ತಾಯಿಯ ಆಸ್ಪತ್ರೆಯ ಸಾಲ ಬೇರೆ ಇತ್ತು. ಬಿಟ್ಟರೆ ಏನು, ಉಳಿದರೆ ಏನು ಎಂದು ಹೆಂಡತಿಯೊಂದಿಗೆ ಕೂತು ಎರಡೂ ಲೆಕ್ಕ ಬರೆಯಲು ಹೇಳಿದೆ. ಕಚೇರಿಯೊಳಗಿನ ಕೆಲಸಕ್ಕೆ ವರ್ಗ ಕೇಳಿದರು, ಸಿಗಲಿಲ್ಲ. ಕೆಲವು ತಿಂಗಳ ನಂತರ ಅಕ್ಕಿ ಗಿರಣಿಯೊಂದರ ವೇಬ್ರಿಡ್ಜ್‌ನಲ್ಲಿ ತೂಕ ಬರೆಯುವ ಕೆಲಸಕ್ಕೆ ಸೇರಿದರು. ಸಂಬಳ ಗಣನೀಯವಾಗಿ ಕಡಿಮೆ. ಹೆಂಡತಿ ಹೊಲಿಗೆ ಶುರು ಮಾಡಿದರು. ಈ ಬೆಲೆಯನ್ನು ಮುಚ್ಚಿಟ್ಟು, ಭಾವನೆ ಮರಳಿತು, ಎಲ್ಲ ಸರಿಹೋಯಿತು ಎಂದು ಬರೆಯಲು ನನಗೆ ಮನಸ್ಸು ಒಪ್ಪುವುದಿಲ್ಲ. ಮನಸ್ಸನ್ನು ಗಟ್ಟಿ ಮಾಡಿಕೊಂಡದ್ದು ಆ ಸಂಬಳಕ್ಕಾಗಿಯೇ. ಗಟ್ಟಿತನ ಕರಗಿದಾಗ ಸಂಬಳದ ಪ್ರಶ್ನೆ ಬಂದೇ ಬರುತ್ತದೆ.

ತಾಯಿಯ ಪಾಸ್‌ಬುಕ್

ತಾಯಿಯ ವರ್ಷದ ಕಾರ್ಯಕ್ಕೆ ಓಣಿಯ ಹೆಂಗಸರು ಬಂದಿದ್ದರು. ಅವರಲ್ಲಿ ಒಬ್ಬಾಕೆ ಊಟದ ನಂತರ ಮಡಚಿದ ಪಾಸ್‌ಬುಕ್ ಒಂದನ್ನು ತಂದುಕೊಟ್ಟು, "ತಮ್ಮಾ, ಇದು ನಿಮ್ಮ ಅವ್ವನದು, ನನ್ನ ಹತ್ತಿರ ಉಳಿದಿತ್ತು" ಎಂದರು. ಮಗನಿಗೆ ತಿಳಿಯದಂತೆ ತಾಯಿ ಬೇರೆ ಸಂಸ್ಥೆಯೊಂದರಲ್ಲಿ ಸಂಘದ ಸಾಲ ತೆಗೆದಿದ್ದರು. ಲಕ್ವ ಹೊಡೆದು ಮಲಗಿದ ತಿಂಗಳುಗಳಲ್ಲೂ ಒಂದು ಕಂತೂ ತಪ್ಪಿರಲಿಲ್ಲ. ಗುಂಪಿನ ಹೆಂಗಸರು ಕೂಲಿಯ ದುಡ್ಡಿನಲ್ಲಿ ಕೂಡಿಸಿ ಕಟ್ಟಿದ್ದರು. ಮಗನಿಗೆ ಯಾಕೆ ಹೇಳಲಿಲ್ಲ ಎಂದು ಕೇಳಿದ್ದಕ್ಕೆ, "ಅವನಿಗೂ ಇದೇ ಕೆಲಸ, ಅವನ ಮುಂದೆ ಬೇಡ ಎಂದಿದ್ದಳು ನಿಮ್ಮ ಅವ್ವ" ಎಂದರಂತೆ.

ಶರಣಪ್ಪ ಹಿತ್ತಲಿನ ಬಣಿವೆಯ ಮರೆಗೆ ಹೋಗಿ ಅತ್ತರು. ಹುಡುಕಿಕೊಂಡು ಹೋದ ಮಗಳು ಗಾಬರಿಯಾಗಿ ಅಮ್ಮನನ್ನು ಕರೆದಳು. ಮರುವಾರ ನನಗೆ ತೋರಿಸಿದ ಪುಟದಲ್ಲಿ ಗಂಟಲು, ಎದೆ, ಕಣ್ಣು ಎಂದು ಬರೆದಿತ್ತು. ಪಕ್ಕದಲ್ಲಿ ತಾವೇ ಹೊಸ ಗೆರೆ ಎಳೆದು, ನಾನು ಬೇಡವೆಂದಿದ್ದ ಮನೆಯನ್ನು ಸೇರಿಸಿಕೊಂಡಿದ್ದರು. ಅದರಲ್ಲಿ: "ನಾಚಿಕೆ. ಅವ್ವನ ನೆನಪು. ಎರಡೂ ಒಟ್ಟಿಗೆ."

ಮಾತಿನ ನಡುವೆ ಇನ್ನೊಂದು ಸಂಗತಿಯೂ ಹೊರಬಂತು. ಚಿಕ್ಕಂದಿನಲ್ಲಿ ಸಾಹುಕಾರರ ಕಡೆಯವರು ಬಾಕಿ ಕೇಳಲು ಬಂದಾಗ, "ಅವ್ವ ಮನೆಯಲ್ಲಿಲ್ಲ" ಎಂದು ಹೇಳಲು ಬಾಗಿಲಿಗೆ ಕಳುಹಿಸುತ್ತಿದ್ದದ್ದು ಇವರನ್ನೇ. ಮುಖದಲ್ಲಿ ಸುಳ್ಳು ಕಾಣದಂತೆ ನಿಲ್ಲುವುದನ್ನು ಆಗಲೇ ಕಲಿತಿದ್ದರು. ಇದೇ ಮೂಲಕಾರಣ ಎಂದು ಬರೆದು ಪ್ರಕರಣಕ್ಕೆ ಗಂಟು ಹಾಕುವುದು ಸುಲಭ, ನಾನು ಹಾಗೆ ಮಾಡುವುದಿಲ್ಲ. ಬಾಗಿಲಲ್ಲಿ ಸುಳ್ಳು ಹೇಳಿದ ಮಕ್ಕಳು ನಮ್ಮ ಹಳ್ಳಿಗಳಲ್ಲಿ ಬೇಕಾದಷ್ಟಿದ್ದಾರೆ. ಅವರಲ್ಲಿ ಹೆಚ್ಚಿನವರು ಅಳುತ್ತಾರೆ, ನಗುತ್ತಾರೆ.

ಈ ಪ್ರಕರಣದಿಂದ ತಿಳಿದದ್ದು

ಭಾವನೆ ಇಲ್ಲ ಎನ್ನುವವರಿಗೆ ಭಾವನೆಯ ಹೆಸರುಗಳನ್ನು ಕೊಡುವುದಕ್ಕಿಂತ ಮೊದಲು ದೇಹದ ಲೆಕ್ಕ ಬರೆಯಿಸುವುದು ಇಲ್ಲಿ ಕೆಲಸ ಮಾಡಿತು. ಅವರಿಗೆ ಆಗಲೇ ಬರುವ ವಿದ್ಯೆಯನ್ನೇ ಬಳಸಿಕೊಂಡದ್ದು ಇದಕ್ಕೆ ಕಾರಣ. ದರ್ಜಿಯಾಗಿದ್ದರೆ, ಚಾಲಕರಾಗಿದ್ದರೆ ಬೇರೆ ಮಾರ್ಗ ಹುಡುಕಬೇಕಾಗುತ್ತಿತ್ತು. ಮರಗಟ್ಟುವಿಕೆ ದಿನವಿಡೀ ಒಂದೇ ಸಮನೆ ಇರುವುದಿಲ್ಲ, ಅದಕ್ಕೆ ಹೊತ್ತು ಗೊತ್ತು ಜಾಗ ಇರುತ್ತದೆ ಎಂಬುದೂ ಪುಟಗಳಿಂದಲೇ ತಿಳಿದದ್ದು.

ಮನೆಯವರನ್ನು ಮೊದಲ ದಿನವೇ ಸಿದ್ಧಪಡಿಸಬೇಕು ಎಂಬುದು ಈಗ ನನ್ನ ಖಚಿತ ಅಭಿಪ್ರಾಯ. ಅವರು ಕಾಯುವುದು ನಗುವಿಗೆ, ಬರುವುದು ಸಿಟ್ಟು. ಕೆಲಸದ ಬಗ್ಗೆಯೂ ಮೊದಲೇ ಕೇಳಬೇಕು. ಹುದ್ದೆಯ ಹೆಸರು ಸಾಲದು, ದಿನವಿಡೀ ಯಾರ ಮುಖ ನೋಡುತ್ತೀರಿ, ಯಾರ ಮುಖ ನೋಡದೆ ತಪ್ಪಿಸುತ್ತೀರಿ ಎಂದು ಕೇಳಬೇಕು. ಪೊಲೀಸರು, ತುರ್ತು ವಾರ್ಡಿನ ದಾದಿಯರು, ಶವಾಗಾರದ ಸಿಬ್ಬಂದಿ, ವಸೂಲಿಯವರು ಇವರೆಲ್ಲರಿಗೂ "ಮನಸ್ಸು ಗಟ್ಟಿ ಮಾಡಿಕೋ" ಎಂದು ಕಲಿಸುವವರಿದ್ದಾರೆ. ಸಂಜೆ ಮನೆಗೆ ಬಂದ ಮೇಲೆ ಅದನ್ನು ಸಡಿಲಿಸುವುದು ಹೇಗೆಂದು ಹೇಳಿಕೊಡುವವರು ಯಾರೂ ಇಲ್ಲ.

ಸದ್ಯದ ಸ್ಥಿತಿ: ಶರಣಪ್ಪನವರ ಎದೆಯುರಿ ಬಹಳ ಮಟ್ಟಿಗೆ ಇಳಿದಿದೆ. ದುಃಖ, ಸಿಟ್ಟು, ಭಯ ಬಂದಾಗ ಗೊತ್ತಾಗುತ್ತದೆ, ಹೆಸರಿಡಬಲ್ಲರು. ಸಂತೋಷ ಇನ್ನೂ ಮಂದ. ಮಗಳು ಶಾಲೆಯಲ್ಲಿ ಬಹುಮಾನ ತಂದಾಗ "ಒಳ್ಳೆಯದು ಎಂದು ತಿಳಿಯಿತು, ಎದೆ ತುಂಬಲಿಲ್ಲ" ಎಂದರು. ತಿಂಗಳಿಗೊಮ್ಮೆ ಬರುತ್ತಾರೆ, ನೋಟ್‌ಬುಕ್ ಮುಂದುವರಿದಿದೆ.

ನಮ್ಮ ಭಾಗಕ್ಕೆ ಈ ವಿಷಯದಲ್ಲಿ ಒಂದು ಹಿರಿಮೆಯಿದೆ. 1980ರ ದಶಕದಲ್ಲಿ ನಿಮ್ಹಾನ್ಸ್ ಸಂಸ್ಥೆ ಪ್ರಾಥಮಿಕ ಆರೋಗ್ಯ ಕೇಂದ್ರಗಳ ಮೂಲಕವೇ ಮಾನಸಿಕ ಚಿಕಿತ್ಸೆ ಕೊಡುವ ಪ್ರಯೋಗವನ್ನು ನಡೆಸಿದ್ದು ಬಳ್ಳಾರಿ ಜಿಲ್ಲೆಯಲ್ಲಿ. 1996ರಲ್ಲಿ ಶುರುವಾದ ರಾಷ್ಟ್ರದ ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮಕ್ಕೆ ಅದೇ ಮಾದರಿಯಾಯಿತು. ಇಂದು ತಾಲ್ಲೂಕು ಆಸ್ಪತ್ರೆಗಳಲ್ಲಿ ಮಂಗಳವಾರದ ಮನೋಚೈತನ್ಯ ಕ್ಲಿನಿಕ್ ಇದೆ. ಟೆಲಿ ಮಾನಸ್ ಸಹಾಯವಾಣಿ 14416ಕ್ಕೆ ಹಗಲು ರಾತ್ರಿ ಯಾವಾಗ ಬೇಕಾದರೂ ಉಚಿತವಾಗಿ ಕರೆ ಮಾಡಿ ಕನ್ನಡದಲ್ಲೇ ಮಾತನಾಡಬಹುದು. ಕ್ಲಿನಿಕ್ಕಿಗೆ ಹೋದಾಗ ಎದೆಯುರಿ, ಕುತ್ತಿಗೆ ನೋವಿನ ಜೊತೆಗೆ, ಮಾಡುವ ಕೆಲಸ ಯಾವುದು, ಕೊನೆಯ ಸಲ ಅತ್ತದ್ದು ಯಾವಾಗ ಎಂಬ ಎರಡು ವಿಷಯಗಳನ್ನೂ ವೈದ್ಯರಿಗೆ ತಿಳಿಸಿ.